ಅಗೆದ ಬೀದಿಯಲ್ಲಿ ಹೊರಳದ ಸ್ಟಾರ್ಟರ್

ಕಾರು ಕೈಕೊಟ್ಟದ್ದು ಒಂದು ಮಂಗಳವಾರ, ಫಿಸಿಯೊಥೆರಪಿ ಕೇಂದ್ರದ ಎದುರು. ಮಾವನವರನ್ನು ಮುಂದಿನ ಸೀಟಿನಲ್ಲಿ ಕೂರಿಸಿ, ಅವರ ಬಲಗಾಲನ್ನು ಎತ್ತಿ ಒಳಗಿಟ್ಟು, ಬೆಲ್ಟ್ ಹಾಕಿ, ಸುತ್ತಿ ಬಂದು ಕೀ ತಿರುಗಿಸಿದೆ. ‘ಟಕ್’ ಎಂದಿತು. ಮತ್ತೆ ತಿರುಗಿಸಿದರೂ ಅದೇ ಟಕ್. ದೀಪಗಳು ಝಗಮಗ ಉರಿಯುತ್ತಿದ್ದವು, ಹಾರನ್ ಊರಿಗೆಲ್ಲ ಕೇಳುವಂತಿತ್ತು, ಎಂಜಿನ್ ಮಾತ್ರ ಮಿಸುಕಲಿಲ್ಲ.

ಮಾವ ಎಡಗೈ ಗೆಣ್ಣಿನಿಂದ ಡ್ಯಾಶ್‌ಬೋರ್ಡನ್ನು ಮೂರು ಸಲ ಕುಟ್ಟಿದರು. ಸಿಟ್ಟು ಬಂದಿದೆ ಅಂದುಕೊಂಡೆ. ‘ನನಗೂ ಸಿಟ್ಟು ಬರ್ತಿದೆ ಮಾವ, ಏನ್ಮಾಡ್ಲಿ?’ ಎಂದೆ. ಅವರು ಇನ್ನೂ ಜೋರಾಗಿ ಕುಟ್ಟಿದರು.

ಅವರಿಗೆ ಲಕ್ವ ಹೊಡೆದು ಆಗ ಏಳು ತಿಂಗಳಾಗಿತ್ತು. ಬಲಗಡೆ ಪೂರ್ತಿ ಸೋತಿತ್ತು. ಕಾಲು ಸ್ವಲ್ಪ ಸ್ವಲ್ಪವಾಗಿ ದಾರಿಗೆ ಬರುತ್ತಿತ್ತು, ಮಾತು ಬಂದಿರಲಿಲ್ಲ. ನಾವು ಹೇಳಿದ್ದೆಲ್ಲ ಅರ್ಥವಾಗುತ್ತಿತ್ತು. ಅವರು ಹೇಳಬೇಕೆಂದದ್ದು ಬಾಯಿಗೆ ಬರುವಷ್ಟರಲ್ಲಿ ಬೇರೇನೋ ಆಗಿಬಿಡುತ್ತಿತ್ತು. ‘ಹೂಂ’, ‘ಬೇಡ’ ಎರಡೂ ಸರಿಯಾಗಿ ಬರುತ್ತಿದ್ದವು. ಅಂಕಿಗಳೆಲ್ಲ ‘ನಾಲ್ಕು’ ಆಗಿದ್ದವು. ಗಂಟೆ ಎಷ್ಟು ಎಂದರೂ ನಾಲ್ಕು, ಮೊಮ್ಮಗಳ ವಯಸ್ಸೆಷ್ಟು ಎಂದರೂ ನಾಲ್ಕು. ತಪ್ಪಾಯಿತೆಂದು ಅವರಿಗೇ ಗೊತ್ತಾಗಿ ಮುಖ ಕೆಂಪೇರುತ್ತಿತ್ತು. ಮೂವತ್ತು ವರ್ಷ ಬಸ್ ಡಿಪೊದಲ್ಲಿ ಎಲೆಕ್ಟ್ರಿಷಿಯನ್ ಆಗಿದ್ದವರು. ನಿವೃತ್ತರಾದಾಗ ತಮಗೆಂದೇ ಕೊಂಡ ಕಾರು ಅದು.

ದಾರಿಹೋಕರು ನಾಲ್ಕೈದು ಜನ ತಳ್ಳಿಕೊಟ್ಟರು. ಸೆಕೆಂಡ್ ಗೇರಿಗೆ ಹಾಕಿ, ಓಟ ಸಿಕ್ಕಾಗ ಕ್ಲಚ್ ಬಿಟ್ಟೆ, ಎಂಜಿನ್ ಹೊತ್ತಿಕೊಂಡಿತು. ಚಾಮರಾಜಪೇಟೆಯ ಮನೆಯವರೆಗೂ ಎಲ್ಲೂ ಆರಿಸದೆ ತಂದು, ಮನೆಯ ಪಕ್ಕದ ಸಂದಿಯಲ್ಲಿ ನಿಲ್ಲಿಸಿದೆ. ಅದೇ ನಾನು ಮಾಡಿದ ಮೊದಲ ತಪ್ಪು.

ಆ ದಿನಗಳಲ್ಲಿ ನಮ್ಮ ಬೀದಿಯನ್ನು ಒಳಚರಂಡಿ ಪೈಪಿಗೆಂದು ಅಗೆಯುತ್ತಿದ್ದರು. ಎರಡೂ ತುದಿಯಲ್ಲಿ ಮಣ್ಣಿನ ಗುಡ್ಡೆ, ನಡುವೆ ಒಂದು ಕಾರು ನುಸುಳುವಷ್ಟು ಜಾಗ. ಬುಧವಾರ ಬೆಳಿಗ್ಗೆ ಕೆಲಸದ ಮೇಸ್ತ್ರಿ ಗೇಟಿನ ಹತ್ತಿರ ಬಂದು, ‘ಮೇಡಂ, ಸೋಮವಾರ ನಿಮ್ಮನೆ ಮುಂದೆ ಅಗೀತೀವಿ. ಗಾಡಿ ಆಚೆ ಹಾಕ್ಕೊಂಬಿಡಿ. ಆಮೇಲೆ ಒಂದ್ ತಿಂಗ್ಳು ತೆಗಿಯಕ್ಕಾಗಲ್ಲ’ ಎಂದ. ತಳ್ಳಿ ಸ್ಟಾರ್ಟ್ ಮಾಡೋಣವೆಂದರೆ ಹತ್ತಡಿ ಓಡಿಸಲೂ ಜಾಗವಿಲ್ಲ. ಎಳೆದೊಯ್ಯುವ ಗಾಡಿಯವನು ಬೀದಿಯ ಫೋಟೊ ನೋಡಿ, ‘ಇದರೊಳಗೆ ನಾನ್ ಬರಲ್ಲಮ್ಮ’ ಎಂದು ಫೋನಿಟ್ಟ. ನಮ್ಮ ಮಾಮೂಲಿ ಮೆಕ್ಯಾನಿಕ್ ಬುಧವಾರವೆಲ್ಲ ‘ಬರ್ತಾ ಇದೀನಿ’ ಎಂದ. ಗುರುವಾರ ಫೋನ್ ಎತ್ತಲೇ ಇಲ್ಲ.

ಗುರುವಾರ ಫಿಸಿಯೊಥೆರಪಿಗೆ ಆಟೊ ಕರೆದರೆ ಅವನೂ ಒಳಗೆ ಬರಲಿಲ್ಲ. ನನ್ನ ಗಂಡ ಮಾವನವರನ್ನು ಬೆನ್ನ ಮೇಲೆ ಹೊತ್ತು ಮಣ್ಣುಗುಡ್ಡೆ ದಾಟಿಸಿದರು. ಮಾವ ಮಗನ ಭುಜಕ್ಕೆ ಮುಖ ಒತ್ತಿಕೊಂಡಿದ್ದರು, ಬೀದಿಯವರು ನೋಡುತ್ತಿದ್ದರಲ್ಲ. ವಾಪಸು ಬಂದ ಮೇಲೆ ಸಂಜೆಯವರೆಗೆ ಯಾರ ಜೊತೆಯೂ ಮಾತಿಗೆ ಪ್ರಯತ್ನಿಸಲಿಲ್ಲ.

ನಾನು ಸರ್ಕಾರಿ ಪದವಿಪೂರ್ವ ಕಾಲೇಜಿನ ಭೌತಶಾಸ್ತ್ರದ ಲ್ಯಾಬಿನಲ್ಲಿ ಕೆಲಸ ಮಾಡುವವಳು. ವೋಲ್ಟು, ಆಂಪಿಯರು ನನಗೆ ದಿನನಿತ್ಯದ ಮಾತು. ಅಂದು ಸಂಜೆ ಲ್ಯಾಬಿನ ಮಲ್ಟಿಮೀಟರ್ ತಂದು ಬ್ಯಾಟರಿಗೆ ಹಿಡಿದೆ. ಹನ್ನೆರಡೂವರೆ ವೋಲ್ಟಿಗಿಂತ ಮೇಲೇ ಇತ್ತು. ಬ್ಯಾಟರಿ ಚೆನ್ನಾಗಿದೆ ಎಂದೆ. ಗಂಡ ಒಪ್ಪಲಿಲ್ಲ. ಖಜಾನೆ ಇಲಾಖೆಯಲ್ಲಿ ಗುಮಾಸ್ತರು, ಕಾರಿನ ಬಾನೆಟ್ ತೆಗೆಯುವುದು ಹೇಗೆಂದು ಇವತ್ತಿಗೂ ಗೊತ್ತಿಲ್ಲ. ಆದರೆ ಆಫೀಸಿನಲ್ಲಿ ಯಾರೋ ಹೇಳಿದ್ದರು. ‘ಟಕ್ ಅಂದ್ರೆ ಬ್ಯಾಟರಿನೇ ಕಣೇ. ಎಲ್ಲರಿಗೂ ಗೊತ್ತಿರೋದು.’ ಬ್ಯಾಟರಿ ಅಂಗಡಿಯವನೂ ಫೋನಿನಲ್ಲಿ ಅದನ್ನೇ ಹೇಳಿದ. ‘ಮೀಟರಲ್ಲಿ ತೋರ್ಸುತ್ತೆ ಮೇಡಂ, ಲೋಡ್ ಬಿದ್ರೆ ಕೂತ್ಕೊಂಬಿಡುತ್ತೆ.’ ಲೋಡ್ ಬಿದ್ದಾಗಲೂ ದೀಪ ಮಂಕಾಗುತ್ತಿಲ್ಲ ಎಂದು ವಾದಿಸಿದೆ. ಇಬ್ಬರೂ ಕೇಳಲಿಲ್ಲ. ಕೊನೆಗೆ ನನಗೇ ನನ್ನ ಓದಿನ ಮೇಲೆ ಅನುಮಾನ ಬಂದು ಹೂಂ ಎಂದುಬಿಟ್ಟೆ. ಹೊಸ ಬ್ಯಾಟರಿ ಕೂತಿತು. ಕೀ ತಿರುಗಿಸಿದೆ. ಟಕ್.

‘ಈ ಕಾರನ್ನ ಮಾರ್ಬಿಡೋಣ’ ಎಂದರು ಗಂಡ.

‘ಸ್ಟಾರ್ಟ್ ಆಗದಿರೋ ಕಾರನ್ನ ಯಾರು ತಗೋತಾರೆ?’ ಎಂದು ಕೂಗಿ ಒಳಗೆ ಹೋದೆ.

ಶುಕ್ರವಾರ ರಜೆ ಹಾಕಿದೆ. ಗಂಡನಿಗೂ ಹಾಕಿಸಿದೆ. ಸಂದಿಯ ಪಕ್ಕದಲ್ಲೇ ನಮ್ಮ ಜಗಲಿ. ಮಾವನವರ ಕುರ್ಚಿಯನ್ನು ಅಲ್ಲಿ ಹಾಕಿ, ತಿಂಡಿ ಕೊಟ್ಟು, ನಾನು ಬಾನೆಟ್ ತೆಗೆದು ಮೊಬೈಲಿನಲ್ಲಿ ವಿಡಿಯೊ ನೋಡುತ್ತಾ ನಿಂತೆ. ಗಂಡ ಒಳಗೆ ಕೂತು ಕೀ ತಿರುಗಿಸಿದರು. ಟಕ್. ಜಗಲಿಯಿಂದ ಸದ್ದು ಬಂತು. ಮಾವ ಊರುಗೋಲಿನಿಂದ ನೆಲವನ್ನು ಕುಟ್ಟುತ್ತಿದ್ದರು. ತಿರುಗಿ ನೋಡಿದೆ. ಅವರು ನನ್ನನ್ನು ನೋಡುತ್ತಿರಲಿಲ್ಲ. ಕೋಲಿನ ತುದಿಯಿಂದ ಎಂಜಿನ್‌ನ ಕೆಳಭಾಗವನ್ನು ತೋರಿಸಿ ಮತ್ತೆ ನೆಲವನ್ನು ಕುಟ್ಟಿದರು. ತೋರಿಸಿದರು, ಕುಟ್ಟಿದರು.

‘ಹೊಡೀಬೇಕಾ ಮಾವ? ಅದನ್ನ ಹೊಡೀಬೇಕಾ?’

‘ಹೂಂ! ಹೂಂ! ಹೂಂ!’

ಮೂರು ದಿನದಿಂದ ಮನುಷ್ಯ ಹೇಳುತ್ತಲೇ ಇದ್ದರು. ಚಕ್ರ ಬಿಚ್ಚುವ ಸ್ಪಾನರನ್ನು ಒಳಗೆ ಇಳಿಸಿ, ಎಂಜಿನ್ ಮತ್ತು ಗೇರ್‌ಬಾಕ್ಸ್ ಕೂಡುವ ಜಾಗದಲ್ಲಿ ಮಲಗಿದ್ದ ಸ್ಟಾರ್ಟರ್ ಮೋಟರಿನ ಮೈಗೆ ಮೂರು ಏಟು ಹಾಕಿದೆ. ‘ಈಗ ತಿರುಗ್ಸಿ!’ ಎಂದೆ. ಎಂಜಿನ್ ಗುರ್ರೆಂದು ಎದ್ದಿತು. ಮೋಟರಿನ ತಿರುಗುವ ಭಾಗಕ್ಕೆ ಕರೆಂಟು ಮುಟ್ಟಿಸುವ ಕಾರ್ಬನ್ ಬ್ರಷ್‌ಗಳು ಸವೆದು ಕಚ್ಚಿಕೊಂಡಿದ್ದವು, ಏಟು ಬಿದ್ದು ಸಡಿಲವಾಗಿ ಕರೆಂಟು ಹರಿದಿತ್ತು. ಲ್ಯಾಬಿನಲ್ಲಿ ಮಕ್ಕಳಿಗೆ ಬ್ರಷ್ ಎಂದರೇನೆಂದು ಎಷ್ಟು ವರ್ಷದಿಂದ ತೋರಿಸುತ್ತಾ ಬಂದಿದ್ದೇನೋ!

ಆಗಲೇ ಕಾರನ್ನು ಆಚೆ ತೆಗೆದುಬಿಡಬೇಕಿತ್ತು. ನಾನು ಖುಷಿಯಲ್ಲಿ, ‘ಆರ್ಸಿ, ಇನ್ನೊಂದ್ಸಲ ನೋಡೋಣ’ ಎಂದೆ. ಎರಡನೆಯ ಸಲವೂ ಹೊತ್ತಿತು. ‘ಇನ್ನೊಂದ್ಸಲ’ ಎಂದೆ. ಮೂರನೆಯ ಸಲ ಎಷ್ಟು ಬಡಿದರೂ ಟಕ್ ಬಿಟ್ಟು ಬೇರೆ ಸದ್ದು ಬರಲಿಲ್ಲ. ಗಂಡ ಸ್ಟೀರಿಂಗಿಗೆ ಹಣೆ ಹಚ್ಚಿ ಕೂತರು.

ಇನ್ನು ಬಿಚ್ಚದೆ ವಿಧಿಯಿರಲಿಲ್ಲ. ಬ್ಯಾಟರಿಯ ನೆಗೆಟಿವ್ ತಂತಿ ತೆಗೆದೆ. ಜ್ಯಾಕ್ ಏರಿಸಿ, ಪಕ್ಕದಲ್ಲಿ ಚಪ್ಪಡಿಕಲ್ಲು ಪೇರಿಸಿ, ಹಳೆಯ ಫ್ಲೆಕ್ಸ್ ಬ್ಯಾನರ್ ಹಾಸಿಕೊಂಡು ಅಡಿಗೆ ಜಾರಿದೆ. ಮೇಲಿನ ಬೋಲ್ಟು ಐದು ನಿಮಿಷದಲ್ಲಿ ಬಂತು. ಕೆಳಗಿನದು ತುಕ್ಕು ಹಿಡಿದು ಕಲ್ಲಾಗಿತ್ತು. ಎಣ್ಣೆ ಬಿಟ್ಟು ಕಾದೆ, ಬೈದೆ, ಕಾಲಿನಿಂದ ಒದ್ದೆ. ಸ್ಪಾನರ್ ಜಾರಿ ಗೆಣ್ಣಿನ ಚರ್ಮ ಕಿತ್ತುಬಂತು. ಮುಖದ ಮೇಲೆ ಮಣ್ಣು ಉದುರುತ್ತಿತ್ತು. ಪಕ್ಕದ ಮನೆಯ ಯಜಮಾನರು ಕಾಂಪೌಂಡ್ ಮೇಲಿಂದ ಬಗ್ಗಿ, ‘ಏನಮ್ಮ, ಮೆಕ್ಯಾನಿಕ್ ಕರೆಸ್ಬಾರ್ದಾ?’ ಎಂದರು. ಕೆಳಗಿನಿಂದಲೇ, ‘ಕರೆಸಿದೀನಿ ಸಾರ್, ಬುಧವಾರದಿಂದ ಬರ್ತಾನೇ ಇದಾನೆ’ ಎಂದೆ. ಕೊನೆಗೆ ಗಂಡ ಕೈಪಂಪಿನ ಹಳೆಯ ಪೈಪು ತಂದರು. ಸ್ಪಾನರಿನ ಹಿಡಿಗೆ ಅದನ್ನು ಸಿಕ್ಕಿಸಿ ಇಬ್ಬರೂ ಎಳೆದಾಗ ಕಿರ್ರೆಂದು ಸಡಿಲವಾಯಿತು.

ಕಲಾಸಿಪಾಳ್ಯದ ಹಳೆಯ ಅಂಗಡಿಯೊಂದರಲ್ಲಿ ರಿಪೇರಿಯಾದ ಮೋಟರು ಸಿಕ್ಕಿತು. ನಮ್ಮದನ್ನು ಚೀಲದಲ್ಲಿ ಒಯ್ದು ತೋರಿಸಿದೆ. ಅಂಗಡಿಯವನು ಕೂತಲ್ಲಿಂದಲೇ ನೋಡಿ, ‘ಅದೇ ಮೇಡಂ, ಅದೇ. ಕಣ್ಮುಚ್ಚಿ ಹಾಕಿ’ ಎಂದ. ಹೊಸದನ್ನು ಕೂರಿಸಿ ನೋಡಿದ ಮೇಲೆ ಹಳೆಯದನ್ನು ಕೊಡುತ್ತೇನೆಂದು ಎರಡನ್ನೂ ಹೊತ್ತು, ತರಕಾರಿ ಲಾರಿಗಳ ನಡುವೆ ನುಸುಳಿ ಮನೆಗೆ ಬಂದೆ.

ಮಾವ ಎರಡೂ ಮೋಟರುಗಳನ್ನು ತೊಡೆಯ ಮೇಲೆ ಇಡಿಸಿಕೊಂಡರು. ಹಳೆಯದನ್ನು ಮೂಸಿದರು. ಮೋಟರಿನ ಮೂತಿಯಲ್ಲಿ ಒಂದು ಸಣ್ಣ ಹಲ್ಲುಚಕ್ರವಿರುತ್ತದೆ, ಅದೇ ಎಂಜಿನ್‌ನ ದೊಡ್ಡ ಚಕ್ರಕ್ಕೆ ಕಚ್ಚಿ ತಿರುಗಿಸುವುದು. ಎಡಗೈ ಹೆಬ್ಬೆರಳಿನಿಂದ ಅದನ್ನು ಹೊರಳಿಸುತ್ತಾ ಕೂತರು. ಹೊಸದನ್ನೂ ಹೊರಳಿಸಿದರು. ‘ನಾಲ್ಕು’ ಎಂದರು. ‘ಬೇಡ. ನಾಲ್ಕು. ನಾಲ್ಕು!’

‘ಏನು ನಾಲ್ಕು ಮಾವ?’

‘ನಾಲ್ಕು!’ ಹೊಸ ಮೋಟರನ್ನು ನನ್ನ ಕಡೆ ತಳ್ಳಿದರು. ನಾನು ಎತ್ತಿಕೊಳ್ಳಲು ಹೋದರೆ ಬಿಡಲಿಲ್ಲ, ತಮ್ಮ ಕಡೆಗೇ ಎಳೆದುಕೊಂಡರು.

ಮಧ್ಯಾಹ್ನ ಊಟವಾಗಿರಲಿಲ್ಲ. ಗೆಣ್ಣು ಉರಿಯುತ್ತಿತ್ತು. ‘ಅಂಗಡಿಯವನು ನೋಡಿಯೇ ಕೊಟ್ಟಿರೋದು. ಸ್ವಲ್ಪ ಸುಮ್ನಿರಿ ಮಾವ! ಆವಾಗ್ಲಿಂದ ನಾಲ್ಕು ನಾಲ್ಕು ಅಂತ ತಲೆ ತಿಂತಿದೀರ’ ಎಂದುಬಿಟ್ಟೆ.

ಅವರು ಮೋಟರಿನಿಂದ ಕೈ ತೆಗೆದರು.

ಹೊಸದನ್ನು ಕೂರಿಸಲು ಎರಡು ಗಂಟೆ ಹಿಡಿಯಿತು. ಬೋಲ್ಟುಗಳು ಸಲೀಸಾಗಿ ಕೂತವು, ತಂತಿಗಳು ಸಲೀಸಾಗಿ ಕೂತವು. ಮನಸ್ಸಿನಲ್ಲೇ ಬೀಗುತ್ತಾ ಕೀ ತಿರುಗಿಸಿದೆ. ಕಬ್ಬಿಣವನ್ನು ಗರಗಸದಿಂದ ಕೊಯ್ದಂಥ ಸದ್ದು ಸಂದಿಯನ್ನೆಲ್ಲ ತುಂಬಿತು. ಬೆಚ್ಚಿ ಕೈಬಿಟ್ಟೆ. ಇನ್ನೊಮ್ಮೆ ಮುಟ್ಟಿಸಿದರೆ ಮತ್ತೆ ಅದೇ ಸದ್ದು. ಪಕ್ಕದ ಮನೆಯ ನಾಯಿ ಬೊಗಳತೊಡಗಿತು. ಜಗಲಿಯ ಕಡೆ ನೋಡಿದೆ. ಕುರ್ಚಿ ಖಾಲಿಯಿತ್ತು. ಯಾವಾಗಲೋ ಎದ್ದು, ಗೋಡೆ ಹಿಡಿದುಕೊಂಡು ಒಬ್ಬರೇ ಒಳಗೆ ಹೋಗಿದ್ದರು.

ಹಳೆಯ ಮೋಟರಿನ ಹಲ್ಲುಗಳನ್ನು ಎಣಿಸಿದೆ. ಒಂಬತ್ತು. ಹೊಸದನ್ನು ಮತ್ತೆ ಬಿಚ್ಚಿ, ಮತ್ತೆ ಅಡಿಗೆ ಜಾರಿ, ಮತ್ತೆ ಮಣ್ಣು ತಿಂದು ಹೊರತೆಗೆದು ಎಣಿಸಿದೆ. ಎಂಟು. ಅಲ್ಲೇ ಬ್ಯಾನರಿನ ಮೇಲೆ ಕೂತು ಅತ್ತೆ. ಮೋಟರಿಗಾಗಿ ಅತ್ತೆನೋ, ‘ಸುಮ್ನಿರಿ’ ಎಂದದ್ದಕ್ಕಾಗಿ ಅತ್ತೆನೋ ಗೊತ್ತಿಲ್ಲ. ಮಾತೇ ಹೋದ ಮನುಷ್ಯನಿಗೆ ಸುಮ್ಮನಿರಿ ಎಂದಿದ್ದೆ. ಗಂಡ ಕಾಫಿ ತಂದಿಟ್ಟು, ‘ಅಪ್ಪ ಊಟ ಬೇಡ ಅಂತಿದಾರೆ’ ಎಂದು ಮೆಲ್ಲಗೆ ಹೇಳಿದರು.

ಶನಿವಾರ ಬೆಳಿಗ್ಗೆ ಅಂಗಡಿ ತೆರೆಯುವ ಮೊದಲೇ ಕಲಾಸಿಪಾಳ್ಯದಲ್ಲಿದ್ದೆ. ಅಂಗಡಿಯವನು ಎರಡನ್ನೂ ಅಕ್ಕಪಕ್ಕ ಇಟ್ಟು, ‘ಅರೆ, ಹೌದಲ್ಲ’ ಎಂದ. ಕ್ಷಮೆ ಕೇಳಲಿಲ್ಲ. ಒಳಗಿನ ರಾಶಿಯಿಂದ ಬೇರೊಂದು ಎಳೆದು ಕೊಟ್ಟ. ಅಲ್ಲೇ ನಿಂತು ಎರಡು ಸಲ ಎಣಿಸಿಕೊಂಡೆ.

ಮನೆಗೆ ಬಂದು ಕಾರಿನ ಹತ್ತಿರ ಹೋಗದೆ ನೇರ ಮಾವನವರ ಕೋಣೆಗೆ ಹೋದೆ. ಅವರು ಗೋಡೆಯ ಕಡೆ ಮುಖಮಾಡಿ ಮಲಗಿದ್ದರು. ‘ಮಾವ, ಇದನ್ನೊಂದ್ಸಲ ನೋಡಿ’ ಎಂದೆ. ತಿರುಗಲಿಲ್ಲ. ‘ನಂದು ತಪ್ಪಾಯ್ತು. ಹಲ್ಲು ಎಂಟಿತ್ತು. ನೀವು ಹೇಳಿದ್ದು ನಂಗೆ ಗೊತ್ತಾಗ್ಲಿಲ್ಲ.’ ಆಗಲೂ ಇಲ್ಲ. ಮೋಟರು ಹಿಡಿದುಕೊಂಡು ಮಂಚದ ತುದಿಯಲ್ಲಿ ಕೂತೆ. ಕೈ ಜೋಮು ಹಿಡಿಯುವಷ್ಟು ಹೊತ್ತು ಕಾಯಿಸಿದರು. ಆಮೇಲೆ ಎಡಗೈ ಮಾತ್ರ ಹಿಂದಕ್ಕೆ ಚಾಚಿದರು. ಮೋಟರಿನ ಮೂತಿಯನ್ನು ಅದಕ್ಕೆ ಒತ್ತಿದೆ. ಮುಖ ತಿರುಗಿಸದೆಯೇ ಒಂದೊಂದು ಹಲ್ಲಿಗೂ ಉಗುರು ತಾಗಿಸುತ್ತಾ ಸುತ್ತು ಬಂದರು.

‘ಹೂಂ’ ಎಂದರು.

ಎರಡನೆಯ ಸಲ ಕೂರಿಸಲು ಮುಕ್ಕಾಲು ಗಂಟೆ ಸಾಕಾಯಿತು, ಕೈಗೆ ದಾರಿ ಗೊತ್ತಿತ್ತು. ಗಂಡ ಮಾವನವರನ್ನು ಜಗಲಿಗೆ ಕರೆತಂದರು. ಕೀ ತಿರುಗಿಸಿದೆ, ಮೊದಲ ಏಟಿಗೇ ಹೊತ್ತಿತು. ಈ ಸಲ ಆರಿಸಲಿಲ್ಲ. ಮಣ್ಣುಗುಡ್ಡೆಗಳ ನಡುವೆ ಕನ್ನಡಿ ಮಡಚಿಕೊಂಡು ನುಸುಳಿ, ಎರಡು ಬೀದಿಯಾಚೆ ಮುಖ್ಯರಸ್ತೆಯಲ್ಲಿ ಒಂದು ಹೊಂಗೆಮರದ ಕೆಳಗೆ ನಿಲ್ಲಿಸಿ ನಡೆದು ಬಂದೆ. ಭಾನುವಾರ ಬುದ್ಧವಿಹಾರಕ್ಕೂ ಹೋಗದೆ ಮಲಗಿಬಿಟ್ಟೆ.

ಸೋಮವಾರ ಅಗೆಯಲು ಯಾರೂ ಬರಲಿಲ್ಲ. ಮಂಗಳವಾರವೂ ಇಲ್ಲ. ಮೇಸ್ತ್ರಿಗೆ ಫೋನ್ ಮಾಡಿದರೆ, ‘ಪೈಪ್ ಬಂದಿಲ್ಲ ಮೇಡಂ, ಮುಂದಿನ್ ವಾರ ನೋಡೋಣ’ ಎಂದ. ಫೋನಿಟ್ಟು ಗಡಿಯಾರ ನೋಡಿದೆ. ಈಗ ಕಾರು ಎರಡು ಬೀದಿಯಾಚೆ, ಫಿಸಿಯೊಥೆರಪಿ ಹತ್ತು ಗಂಟೆಗೆ.

ಗಂಡ ಬೆನ್ನು ಬಗ್ಗಿಸಿದರು. ಮಾವ ‘ಬೇಡ’ ಎಂದರು. ನಡೆದರು. ಒಂದು ಕಡೆ ಕೋಲು, ಇನ್ನೊಂದು ಕಡೆ ನನ್ನ ಭುಜ, ಹಿಂದೆ ಹಗ್ಗದಂತೆ ಎಳೆದುಕೊಂಡು ಬರುವ ಬಲಗಾಲು. ಮಣ್ಣುಗುಡ್ಡೆಯ ಬಳಿ ಹಾಸಿದ್ದ ಹಲಗೆಗಳ ಮೇಲೆ ಹೆಜ್ಜೆ ಇಡುವಾಗಲೆಲ್ಲ ನಾನು ಮೇಸ್ತ್ರಿಯನ್ನೂ ಬ್ಯಾಟರಿಯವನನ್ನೂ ಮೆಕ್ಯಾನಿಕ್ಕನನ್ನೂ ಸಾಲಾಗಿ ಬೈಯುತ್ತಿದ್ದೆ. ಮಾವ ಪ್ರತಿ ಹೆಸರಿಗೂ ‘ಹೂಂ’ ಎನ್ನುತ್ತಿದ್ದರು. ಅರ್ಧ ಗಂಟೆ ಹಿಡಿಯಿತು.

ಸೀಟಿನಲ್ಲಿ ಕೂತ ಮೇಲೆ ಕೀ ಕಡೆ ಬೆರಳು ತೋರಿಸಿದರು. ಸ್ಟಾರ್ಟ್ ಮಾಡಿದೆ. ತಲೆ ಒಂದು ಬದಿಗೆ ವಾಲಿಸಿ ಕೇಳಿದರು, ಆರಿಸು ಎಂದು ಕೈಯಾಡಿಸಿದರು. ಆರಿಸಿದೆ. ಮತ್ತೆ ಬೆರಳು ತೋರಿಸಿದರು. ‘ಮಾವ, ಹೊತ್ತಾಯ್ತು’ ಎಂದೆ. ಅವರು ಬೆರಳು ಇಳಿಸಲಿಲ್ಲ. ಹಾಗೆ ಐದು ಸಲ ಮಾಡಿಸಿದರು. ಫಿಸಿಯೊಥೆರಪಿಯವರ ಹತ್ತಿರ ಅಂದು ಇಬ್ಬರೂ ಬೈಸಿಕೊಂಡೆವು.