ನಾಲ್ಕನೆಯ ಕೊಳವೆ

ಹೋದ ಭಾನುವಾರ ಒಂದು ಒಲೆಯ ಮೇಲೆ ಆಲೂಗಡ್ಡೆ ಬೇಯಲು ಇಟ್ಟು, ಇನ್ನೊಂದರಲ್ಲಿ ಮಗಳ ಪುಡ್ಡಿಂಗಿಗೆಂದು ಚೈನಾ ಗ್ರಾಸ್ ಎಂಬ ಕಡಲಪಾಚಿಯ ಅಂಟನ್ನು ಕರಗಿಸುತ್ತಿದ್ದೆ. ಗ್ರೇಟರ್ ನೋಯ್ಡಾದ ನಮ್ಮ ಹದಿನಾಲ್ಕನೆಯ ಮಹಡಿಯ ಅಡುಗೆಮನೆಗೆ ಕಿಟಕಿ ಇರುವುದು ಹೆಸರಿಗೆ ಮಾತ್ರ. ಎದುರಿಗೆ ಏಳುತ್ತಿರುವ ಟವರಿನ ಧೂಳು ಬರುತ್ತದೆಂದು ಅದನ್ನು ತೆರೆಯುವುದೇ ಇಲ್ಲ. ಆಲೂಗಡ್ಡೆಯ ಹಬೆಯೂ ಚೈನಾ ಗ್ರಾಸಿನ ಪಾಚಿ ವಾಸನೆಯೂ ಬೆರೆತು ಮೂಗಿಗೆ ಬಡಿದಾಗ ಸೌಟು ಹಿಡಿದುಕೊಂಡೇ ನಿಂತುಬಿಟ್ಟೆ. ಇಪ್ಪತ್ತು ವರ್ಷದ ಹಿಂದೆ ಮಯೂರ್ ವಿಹಾರಿನ ನಮ್ಮ ಅಪಾರ್ಟ್‌ಮೆಂಟ್ ಸೊಸೈಟಿಯಲ್ಲಿ ಕೆಳಗಿನ ಮನೆಯಿಂದ ಮೆಟ್ಟಿಲು ಹತ್ತಿ ಬರುತ್ತಿದ್ದ ವಾಸನೆ ಅದು. ಆ ವಾಸನೆ ಬಂದ ದಿನ ಅಮ್ಮ, “ಕೆಳಗಿನ ಮನೆ ತಾತ ಅಣಬೆಗೆ ಅಡುಗೆ ಮಾಡ್ತಿದಾರೆ” ಎನ್ನುತ್ತಿದ್ದಳು.

ಅಮ್ಮ ಹೇಳುತ್ತಿದ್ದುದು ಅಕ್ಷರಶಃ ನಿಜ. ಆಲೂಗಡ್ಡೆ ಬೇಯಿಸಿದ ನೀರನ್ನು ಸೋಸಿ, ಅದಕ್ಕೆ ಗ್ಲೂಕೋಸ್ ಪುಡಿ ಮತ್ತು ಚೈನಾ ಗ್ರಾಸ್ ಹಾಕಿ, ಗಾಜಿನ ಕೊಳವೆಗಳಿಗೆ ಸುರಿದು, ಹತ್ತಿಯ ಬಿರಡೆ ಹಾಕಿ ಕುಕ್ಕರಿನಲ್ಲಿ ಇಟ್ಟು ಕೂಗಿಸುತ್ತಿದ್ದರು. ಆರಿದ ಮೇಲೆ ಅದು ಗಟ್ಟಿಯಾಗುತ್ತಿತ್ತು. ಅದರ ಮೇಲೆ ಅಣಬೆಯ ಬಿಳಿ ಎಳೆಗಳು ಹತ್ತಿ ಹಿಂಜಿದಂತೆ ಬೆಳೆಯುತ್ತಿದ್ದವು. ಅಪ್ಪಿತಪ್ಪಿ ಯಾರಾದರೂ ಅದರಲ್ಲಿ ಬೇಳೆ ಬೇಯಿಸಿಯಾರೆಂದು ಅಜ್ಜಿ, ಅಂದರೆ ಅವರ ಹೆಂಡತಿ, ಆ ಕುಕ್ಕರಿನ ಹಿಡಿಗೆ ಕೆಂಪು ದಾರ ಕಟ್ಟಿದ್ದರು. ಮಡಿಯ ಮನೆಯಲ್ಲಿ ಆ ದಾರದ ಕುಕ್ಕರು ಒಂದು ಮೂಲೆಯಲ್ಲಿ ಹೊರಗಾಗಿ ಕೂತಂತೆ ಕೂತಿರುತ್ತಿತ್ತು.

ತಾತ ವಿಜ್ಞಾನಿಯೇನೂ ಅಲ್ಲ. ವಿಜ್ಞಾನದ ಪದಕೋಶಗಳನ್ನು ಸಿದ್ಧಪಡಿಸುವ ಸರ್ಕಾರಿ ಕಚೇರಿಯೊಂದರಲ್ಲಿ ಕನ್ನಡದ ಕೆಲಸ ನೋಡಿಕೊಂಡು ನಿವೃತ್ತರಾದವರು. ಅಣಬೆಯ ಎಳೆಗಳ ಗೆಣ್ಣಿನಲ್ಲಿ ಮೂಡುವ ಕ್ಲಾಂಪ್ ಎಂಬ ಪುಟ್ಟ ಬಾಗನ್ನು ಒಮ್ಮೆ ನಿಘಂಟು ನೋಡಿ ‘ಇಕ್ಕಳ’ ಎಂದು ಬರೆದುಬಿಟ್ಟಿದ್ದರಂತೆ. ಪುಸ್ತಕ ಅಚ್ಚಾಗಿ ಊರ ಕಡೆಯ ಕನ್ನಡ ಶಾಲೆ-ಕಾಲೇಜುಗಳಿಗೆ ಹೋಯಿತು. ಕೆಲವು ತಿಂಗಳಾದ ಮೇಲೆ ಮೇಷ್ಟರೊಬ್ಬರ ಪತ್ರ ಬಂತು: ಅದು ಏನನ್ನೂ ಹಿಡಿಯುವುದಿಲ್ಲ ಸ್ವಾಮಿ, ಒಂದು ಕೋಣೆಯಿಂದ ಹಿಂದಿನ ಕೋಣೆಗೆ ದಾಟಲು ಇರುವ ದಾರಿ, ನಿಮ್ಮಿಂದಾಗಿ ನಮ್ಮ ಹುಡುಗರು ಪರೀಕ್ಷೆಯಲ್ಲಿ ಅಣಬೆಗೆ ಅಡುಗೆಮನೆಯ ಇಕ್ಕಳ ಬರೆಯುತ್ತಿದ್ದಾರೆ ಎಂದು. ಈ ಕತೆಯನ್ನು ತಾತ ನಗುನಗುತ್ತಲೇ ಹೇಳುತ್ತಿದ್ದರು, ಆದರೆ ಕಿವಿ ಕೆಂಪಾಗುತ್ತಿತ್ತು. ಕಣ್ಣಾರೆ ನೋಡದ ವಸ್ತುವಿಗೆ ಇನ್ನು ಹೆಸರಿಡುವುದಿಲ್ಲ ಎಂದು ಅಂದೇ ಹಟ ತೊಟ್ಟರು. ನಿವೃತ್ತಿಯ ನಂತರ ಶಿಲೀಂಧ್ರಗಳ ಪದಕೋಶವನ್ನು ತಾವಾಗಿಯೇ ಕೈಗೆತ್ತಿಕೊಂಡು, ಹಳೆಯ ಸಾಮಾನಿನ ಅಂಗಡಿಯಿಂದ ಒಂದು ಸೂಕ್ಷ್ಮದರ್ಶಕ ತಂದು ಬಾಲ್ಕನಿಯ ಪಕ್ಕದ ಮೇಜಿನ ಮೇಲೆ ಇಟ್ಟುಕೊಂಡರು. ಹೀಗೆ ನೋಡಿ ನೋಡಿ ಬರೆದ ನೂರಾರು ಚೀಟಿಗಳು ಬಿಸ್ಕತ್ತಿನ ತಗಡಿನ ಡಬ್ಬಿಯಲ್ಲಿದ್ದವು.

ಆಗ ನಾನು ಬಿ.ಎಸ್ಸಿ. ಮೊದಲನೆಯ ವರ್ಷದಲ್ಲಿದ್ದೆ. ಕನ್ನಡ ಓದಲು ಬರುತ್ತದೆ ಎಂಬ ಒಂದೇ ಅರ್ಹತೆಯ ಮೇಲೆ ಅಮ್ಮ ನನ್ನನ್ನು ಅವರ ಸಹಾಯಕ್ಕೆ ಅಟ್ಟಿದ್ದಳು. ಅಷ್ಟುಹೊತ್ತಿಗೆ ಮೂರೇ ಚೀಟಿ ಖಾಲಿ ಉಳಿದಿದ್ದವು. ಅಣಬೆಗಳ ಕೂಡಿಕೆಯ ಮೊದಲ ಮೂರು ಹಂತದವು: ಪ್ಲಾಸ್ಮೋಗಮಿ, ಡೈಕಾರಿಯಾನ್, ಕಾರಿಯೋಗಮಿ. ಎರಡು ಎಳೆಗಳು ಬಂದು ತಾಗುತ್ತವೆ, ನಡುವಿನ ಗೋಡೆ ಕರಗಿ ಎರಡರ ರಸ ಒಂದಾಗುತ್ತದೆ, ಅದು ಮೊದಲನೆಯದು. ಆದರೆ ಒಳಗಿನ ಎರಡು ಕೋಶಕೇಂದ್ರಗಳು ಒಡನೆಯೇ ಕೂಡುವುದಿಲ್ಲ. ಒಂದೇ ಕೋಶದಲ್ಲಿ ಅಕ್ಕಪಕ್ಕ ಇದ್ದುಕೊಂಡು, ಜೊತೆಯಲ್ಲೇ ಹೆಚ್ಚುತ್ತಾ, ಎಳೆ ಬೆಳೆದಷ್ಟು ದಿನವೂ ಹಾಗೇ ಇರುತ್ತವೆ, ಅದು ಎರಡನೆಯದು. ಕೊನೆಗೆ ಅಣಬೆಯ ಕೊಡೆ ಅರಳಿ, ಅದರ ಅಡಿಯ ಪದರಗಳಲ್ಲಿ ಆ ಎರಡು ಕೇಂದ್ರಗಳು ಒಂದಾದರೆ ಮೂರನೆಯದು. ಕಾಲೇಜಿನಲ್ಲಿ ಇದನ್ನು ನಾನು ಬಾಯಿಪಾಠ ಮಾಡುತ್ತಿದ್ದೆ. ತಾತ ಇದನ್ನು ಮನೆಯ ಸಮಾಚಾರದ ಹಾಗೆ ಹೇಳಿದ್ದರು.

“ನಮ್ಮ ಮದುವೆ ಆದಾಗ ಇವಳಿಗೆ ಹದಿಮೂರು. ಪ್ರಸ್ತ ಆಗಿದ್ದು ಮೂರು ವರ್ಷ ಆದ್ಮೇಲೆ. ಮದುವೆ ಆಗಿದೆ, ಸಂಸಾರ ಇಲ್ಲ. ಆ ಮೂರು ವರ್ಷಕ್ಕೆ ಏನಂತ ಹೆಸರಿಡ್ತೀಯ ಹೇಳು?”

ಆ ಹುಡುಗಿಯ ಮುಂದೆ ಆಡುವ ಮಾತೇ ಅದು ಎಂದು ಅಜ್ಜಿ ಒಳಗಿನಿಂದ ಗದರಿದರು. ಗದರುವಾಗಲೂ ನಗುತ್ತಿದ್ದರು...

ಕೋಶಗಳು ಕೂಡುವ ಕ್ಷಣ ಕಣ್ಣಿಗೆ ಸಿಗುವುದು ಕಷ್ಟ. ಆದರೆ ಕೂಡಿದ ಮೇಲೆ ಹುಟ್ಟುವ ಎಳೆಯಲ್ಲಿ ಗೆಣ್ಣುಗೆಣ್ಣಿಗೂ ಆ ಕೊಂಡಿ, ಅವರನ್ನು ಮೋಸಗೊಳಿಸಿದ ಅದೇ ಕ್ಲಾಂಪ್, ಮೂಡುತ್ತದೆ. ಬಾಗಿಲಲ್ಲಿ ಎರಡು ಜೊತೆ ಚಪ್ಪಲಿ ಕಂಡರೆ ಒಳಗೆ ಇಬ್ಬರಿದ್ದಾರೆ ಎಂದು ತಿಳಿಯುವುದಿಲ್ಲವೇ, ಹಾಗೆ ಎನ್ನುತ್ತಿದ್ದರು. ಕೊಂಡಿ ಕಂಡರೆ ಮೊದಲೆರಡು ಚೀಟಿ ತುಂಬುತ್ತವೆ. ಆಮೇಲೆ ಅದೇ ಎಳೆಯನ್ನು ಗೋಧಿ ಹುಲ್ಲಿಗೆ ಹಾಕಿ ಅಣಬೆ ಬೆಳೆಸಿದರೆ ಮೂರನೆಯದೂ ಮುಗಿಯುತ್ತದೆ. ಅದಕ್ಕೆಂದೇ ವಿಜ್ಞಾನಿ ಸ್ನೇಹಿತರೊಬ್ಬರು, ಒಂದೊಂದೇ ಬೀಜಕದಿಂದ ಬೆಳೆಸಿ, ಕೂಡುವ ಜೋಡಿ ಎಂದು ಪರೀಕ್ಷಿಸಿ, ಎರಡು ಕೊಳವೆ ಕೊಟ್ಟಿದ್ದರು. ಒಂದರ ಮೇಲೆ ನಾಲ್ಕು, ಇನ್ನೊಂದರ ಮೇಲೆ ಏಳು ಎಂದು ತಾತ ಬರೆದು ಅಂಟಿಸಿದ್ದರು. ಸ್ನೇಹಿತರು ಆ ಬೇಸಿಗೆಯಲ್ಲೇ ತೀರಿಕೊಂಡರು. ಮತ್ತೊಂದು ಜೋಡಿ ಎಲ್ಲಿಂದಲೂ ಸಿಗುವಂತಿರಲಿಲ್ಲ. ಅತ್ತ ತಾತನ ಕಣ್ಣುಗಳು ಗ್ಲಕೋಮಾದಿಂದ ಅಂಚಿನಿಂದ ಒಳಕ್ಕೆ ಮಬ್ಬಾಗುತ್ತಾ ಬರುತ್ತಿದ್ದವು. ಎಷ್ಟು ದಿನ ಉಳಿದಾವು ಎಂದು ಡಾಕ್ಟರು ಹೇಳುತ್ತಿರಲಿಲ್ಲ, ತಾತ ಕೇಳುತ್ತಲೂ ಇರಲಿಲ್ಲ.

ಆಗಸ್ಟಿನಲ್ಲಿ ಕಣ್ಣಿನ ಆಪರೇಷನ್ನಿಗೆಂದು ಅವರು ಆಸ್ಪತ್ರೆಗೆ ಹೋದಾಗ ಎರಡೂ ಕೊಳವೆಗಳನ್ನು ನನಗೆ ಒಪ್ಪಿಸಿದರು. ಎಳೆ ಹಳತಾಗಿ ಸಾಯದಂತೆ ಎರಡರಿಂದಲೂ ಒಂದೊಂದು ಚೂರು ತೆಗೆದು ಹೊಸ ಕೊಳವೆಗೆ ಹಾಕಬೇಕು, ಅಷ್ಟೇ. ಸ್ಪಿರಿಟ್ ದೀಪದ ಪಕ್ಕದಲ್ಲೇ ತೆಗೆಯಬೇಕು, ತೆಗೆಯುವ ಮುಂಚೆ ಫ್ಯಾನ್ ಆರಿಸಬೇಕು ಎಂದು ಎರಡೆರಡು ಸಲ ಹೇಳಿದ್ದರು. ಏಳನ್ನು ಹಾಗೆಯೇ ಮಾಡಿದೆ. ಅಷ್ಟರಲ್ಲಿ ಬೆವರು ಕಣ್ಣಿಗೆ ಇಳಿಯುತ್ತಿತ್ತು, ಫ್ಯಾನ್ ಹಾಕಿಕೊಂಡೆ. ಗಾಳಿಗೆ ದೀಪ ಆರಿತು. ಒಂದೇ ನಿಮಿಷದ ಕೆಲಸವಲ್ಲವೇ ಎಂದುಕೊಂಡು ನಾಲ್ಕನೆಯದನ್ನು ಹಾಗೆಯೇ ತೆರೆದುಬಿಟ್ಟೆ. ನಾಲ್ಕು ದಿನಕ್ಕೆ ಹಳೆಯ ಕೊಳವೆಯಲ್ಲೂ ಹೊಸದರಲ್ಲೂ ಹಸಿರು ಬೂಷ್ಟು.

ಹೇಳಬಹುದಿತ್ತು. ತಾತ ಬೈಯುವವರೂ ಅಲ್ಲ. ಆದರೆ ಜೋಡಿಯಲ್ಲಿ ಒಂದು ಹೋಯಿತು ಎಂದು ಕಣ್ಣಿಗೆ ಪಟ್ಟಿ ಕಟ್ಟಿಕೊಂಡು ಮಲಗಿದವರ ಮುಂದೆ ಹೇಳಲು ನನಗೆ ಬಾಯಿ ಬರಲಿಲ್ಲ. ಏಳರಿಂದಲೇ ಇನ್ನೊಂದು ಚೂರು ತೆಗೆದು ಬೇರೆ ಕೊಳವೆಗೆ ಹಾಕಿದೆ. ನಾಲ್ಕು ಎಂಬ ಅವರ ಕೈಬರಹದ ಚೀಟಿಯನ್ನು ಕುಕ್ಕರಿನ ಹಬೆಗೆ ಹಿಡಿದು, ಹರಿಯದಂತೆ ಬಿಡಿಸಿ, ಅದಕ್ಕೆ ಅಂಟಿಸಿದೆ. ಎರಡೂ ಬೆಳ್ಳಗೇ ಬೆಳೆದವು. ನೋಡಿದರೆ ಅಕ್ಕತಂಗಿಯರಲ್ಲ, ಒಬ್ಬಳೇ ಎಂದು ಯಾರಿಗೂ ಗೊತ್ತಾಗುವಂತಿರಲಿಲ್ಲ. ಯಾವುದಾದರೇನು, ಅಣಬೆ ಅಣಬೆಯೇ ಎಂದು ನನ್ನನ್ನು ನಾನೇ ಸಮಾಧಾನ ಮಾಡಿಕೊಂಡೆ.

ಆಪರೇಷನ್ನಿನಲ್ಲಿ ಪೊರೆಯನ್ನೂ ತೆಗೆದಿದ್ದರಿಂದ ಒಂದು ಕಣ್ಣು ಸ್ವಲ್ಪ ತಿಳಿಯಾಯಿತು. ತಾತ ಅದೇ ಉತ್ಸಾಹದಲ್ಲಿ ಸ್ಲೈಡಿನ ಮೇಲೆ ತೆಳ್ಳಗೆ ಆಹಾರ ಸವರಿ, ಒಂದು ತುದಿಗೆ ನಾಲ್ಕರ ಚೂರು, ಇನ್ನೊಂದು ತುದಿಗೆ ಏಳರ ಚೂರು ಇಡಿಸಿದರು. ಎಳೆಗಳು ಬೆಳೆದು ನಡುವೆ ಸಂಧಿಸಿದವು. ಕೊಂಡಿ ಮೂಡಲಿಲ್ಲ. ಮತ್ತೊಂದು ಸ್ಲೈಡು ಮಾಡಿದೆವು. ಚಳಿ ಹೆಚ್ಚಾಯಿತೇನೋ ಎಂದು ಸ್ಲೈಡಿನ ತಟ್ಟೆಯನ್ನು ಫ್ರಿಜ್ಜಿನ ಹಿಂಬದಿಯ ಬೆಚ್ಚನೆಯ ಜಾಗದಲ್ಲಿ ಇಟ್ಟೆವು. ಗ್ಲೂಕೋಸ್ ಬದಲಾಯಿಸಿದೆವು, ಆಲೂಗಡ್ಡೆ ಮಾರುವ ಭಯ್ಯಾನನ್ನೂ ಬದಲಾಯಿಸಿದೆವು. ಪ್ರತಿಸಲವೂ ತಾತ ಒಳ್ಳೆಯ ಕಣ್ಣನ್ನು ಮಸೂರಕ್ಕೆ ಒತ್ತಿ ಅರ್ಧ ಗಂಟೆ ನೋಡಿ, ಸಣ್ಣ ನೋಟ್‌ಬುಕ್ಕಿನಲ್ಲಿ ಏನೋ ಬರೆದು ಮುಚ್ಚುತ್ತಿದ್ದರು.

ಫೆಬ್ರವರಿಯಲ್ಲಿ ಕಾಲೇಜಿನಲ್ಲಿ ಆ ಪಾಠ ಬಂತು. ಒಂದೇ ಬೀಜಕದಿಂದ ಬೆಳೆದ ಎಳೆಗಳು ತಮ್ಮತಮ್ಮಲ್ಲಿ ಜೋಡಿಯಾಗುವುದಿಲ್ಲ, ಭಿನ್ನ ಬಗೆಯ ಎರಡು ಬೇಕೇಬೇಕು ಎಂದು ಮೇಡಂ ಬೋರ್ಡಿನ ಮೇಲೆ ಬರೆದರು. ಆರು ತಿಂಗಳಿನಿಂದ ತಾತ ಕಾಯುತ್ತಿದ್ದುದು ನೂರು ವರ್ಷ ಕಾದರೂ ಆಗದ ಕೆಲಸ. ಅಂದು ಬಸ್ಸಿನಲ್ಲಿ ಮನೆಗೆ ಬರುವಾಗ ದಾರಿಯುದ್ದಕ್ಕೂ ಹೇಳಬೇಕಾದ ಮಾತನ್ನು ಜೋಡಿಸಿಕೊಂಡೆ. ಮೆಟ್ಟಿಲ ಬಳಿ ಅಜ್ಜಿ ಸಿಕ್ಕರು. ತಾತನ ಎರಡನೆಯ ಕಣ್ಣೂ ಹೋಗುತ್ತಾ ಬಂತು, ಇವತ್ತು ತಟ್ಟೆಯ ಅನ್ನವನ್ನು ತಡವಿ ಉಂಡರು ಎಂದರು. ನಾನು ಜೋಡಿಸಿಕೊಂಡಿದ್ದೆಲ್ಲ ಅಲ್ಲೇ ಚೆದುರಿಹೋಯಿತು.

ತಾತ ಮೇಜಿನ ಮುಂದೆ ಕೂತಿದ್ದರು. ಕೊನೆಯ ಸ್ಲೈಡು ಮಸೂರದ ಕೆಳಗಿತ್ತು. ಬೆಳಕೊಂದು ಕಾಣುತ್ತದೆ, ಎಳೆ ಕಾಣುವುದಿಲ್ಲ ಎಂದು ಎದ್ದು ಕುರ್ಚಿಯನ್ನು ನನಗೆ ಬಿಟ್ಟುಕೊಟ್ಟರು.

“ನೀನು ನೋಡಮ್ಮ. ಕೊಂಡಿ ಇದೆಯಾ?”

ನೋಡಿದೆ. ಇರಲಿಲ್ಲ, ಇರುವುದು ಸಾಧ್ಯವೂ ಇರಲಿಲ್ಲ. ಬರೀ ನುಣುಪಾದ ಎಳೆಗಳು, ಒಂದರ ಮೇಲೊಂದು ಹಾದುಹೋಗಿದ್ದವು. ಬೆನ್ನ ಹಿಂದೆ ಅವರು ಉಸಿರು ಬಿಗಿಹಿಡಿದು ನಿಂತಿದ್ದು ಗೊತ್ತಾಗುತ್ತಿತ್ತು.

“ಇದೆ ತಾತ,” ಎಂದೆ.

ಹೇಗಿದೆ ಎಂದು ಕೇಳಿದರು. ಪಠ್ಯಪುಸ್ತಕದ ಚಿತ್ರವನ್ನು ಕಣ್ಣಮುಂದೆ ತಂದುಕೊಂಡು, ಗೆಣ್ಣಿನ ಪಕ್ಕದಲ್ಲಿ ಲೋಟದ ಕಿವಿಯ ಹಾಗೆ ಬಾಗಿ ಹಿಂದಿನ ಕೋಣೆಗೆ ಸೇರಿಕೊಂಡಿದೆ ಎಂದು ಒಪ್ಪಿಸಿದೆ. ಅವರ ಮುಖ ಅರಳಿತು. ಲೋಟದ ಕಿವಿ, ಲೋಟದ ಕಿವಿ ಎಂದು ತಮ್ಮಷ್ಟಕ್ಕೆ ಎರಡು ಸಲ ಹೇಳಿಕೊಂಡರು. ಹಾಗಾದರೆ ಚೀಟಿ ಬರೆದುಕೊಳ್ಳುತ್ತೇನೆ, ಹೆಸರು ಹೇಳಿ ಎಂದು ನಾನು ಪೆನ್ನು ತೆಗೆದೆ. ಅವರು ಬೇಡವೆಂದು ತಲೆಯಾಡಿಸಿದರು.

“ನಾನು ನೋಡ್ಲಿಲ್ಲವಲ್ಲಮ್ಮ. ಇರಲಿ ಬಿಡು.”

ಆ ಪದಕೋಶ ಅಚ್ಚಾಗಲಿಲ್ಲ. ಮೂರು ಚೀಟಿ ಇಲ್ಲದೆ ಕಳಿಸಲು ತಾತ ಒಪ್ಪಲಿಲ್ಲ, ಆಮೇಲೆ ಕೇಳುವವರೂ ಇರಲಿಲ್ಲ. ಪೂರ್ತಿ ಕತ್ತಲಲ್ಲಿ ಎರಡು ವರ್ಷ ಇದ್ದು ಹೋದರು. ಅಷ್ಟೂ ದಿನ ಮೇಲಿನ ಮನೆಯಲ್ಲೇ ಇದ್ದ ನಾನು ಬಾಯಿ ಬಿಡಲಿಲ್ಲ. ಅಜ್ಜಿ ರೋಹಿಣಿ ಬಡಾವಣೆಯಲ್ಲಿದ್ದ ತಮ್ಮ ತಂಗಿಯ ಮನೆಗೆ ಹೋಗುವ ಮುಂಚೆ ಬಿಸ್ಕತ್ತಿನ ಡಬ್ಬಿಯನ್ನು ನನ್ನ ಕೈಗಿಟ್ಟು, ಇದರ ಬೆಲೆ ಗೊತ್ತಿರುವವಳು ನೀನೊಬ್ಬಳೇ ಎಂದರು. ಅದನ್ನು ತೆರೆಯುವ ಧೈರ್ಯ ನನಗೆ ಬರಲೇ ಇಲ್ಲ. ಮದುವೆಯಾಗಿ ಮನೆ ಬದಲಾಯಿಸಿದಾಗಲೆಲ್ಲ ಅದು ಒಂದು ಅಟ್ಟದಿಂದ ಇನ್ನೊಂದು ಅಟ್ಟಕ್ಕೆ ಬಂತು. ಈಗ ನಾನೂ ಶಾಲೆಯಲ್ಲಿ ಜೀವಶಾಸ್ತ್ರ ಕಲಿಸುತ್ತೇನೆ. ಪ್ಲಾಸ್ಮೋಗಮಿ, ಕಾರಿಯೋಗಮಿ ಎಂದು ಬೋರ್ಡಿನ ಮೇಲೆ ಇಂಗ್ಲಿಷಿನಲ್ಲಿ ಬರೆಯುತ್ತೇನೆ, ಮಕ್ಕಳು ಬರೆದುಕೊಳ್ಳುತ್ತಾರೆ...

ಆ ಭಾನುವಾರ ಒಲೆ ಆರಿಸಿ ಸ್ಟೂಲು ಹತ್ತಿ ಡಬ್ಬಿ ಇಳಿಸಿದೆ. ಮೂರು ಖಾಲಿ ಚೀಟಿಗಳು ಎಲ್ಲಕ್ಕಿಂತ ಮೇಲೆಯೇ ಇದ್ದವು. ಅಡಿಯಲ್ಲಿ ಆ ನೋಟ್‌ಬುಕ್ಕು. ಪುಟಪುಟಕ್ಕೂ ಒಂದೇ ಬಗೆಯ ಬರಹ: ನಾಲ್ಕು, ಏಳು, ಇಷ್ಟನೆಯ ದಿನ, ಕೊಂಡಿ ಇಲ್ಲ. ಒಟ್ಟು ಹನ್ನೊಂದು ಸ್ಲೈಡು. ಪ್ರತಿಯೊಂದು ‘ಇಲ್ಲ’ದ ಮೇಲೂ ಸೊಟ್ಟ ಗೆರೆಯೊಂದನ್ನು ಎಳೆದಿದ್ದರು. ಕಣ್ಣು ಕಾಣದವರು ತಡವಿ ಬರೆದಂಥ ದಪ್ಪ ಅಕ್ಷರಗಳಲ್ಲಿ, ಒಂದು ಸಾಲು ಇನ್ನೊಂದರ ಮೇಲೆ ಹತ್ತಿಕೊಂಡು, ಹನ್ನೊಂದು ಕಡೆಯೂ ತಿದ್ದುಪಡಿಯಿತ್ತು: “ಇತ್ತು. ನನಗೆ ಕಾಣಲಿಲ್ಲ.” ಕೊನೆಯ ಪುಟದಲ್ಲಿ, “ಹುಡುಗಿಗೆ ಕಂಡಿದೆ. ದೋಷ ನನ್ನ ಕಣ್ಣಿನದು.”

ಮಗಳು ಬಂದು ಹೆಗಲ ಮೇಲಿಂದ ಬಗ್ಗಿದಳು. ಅವಳಿಗೆ ಕನ್ನಡ ಅಕ್ಷರ ಬರುವುದಿಲ್ಲ.

“ಮಮ್ಮಾ, ಕ್ಯಾ ಲಿಖಾ ಹೈ ಇಸ್‌ಮೆ? ಯಾಕೆ ಅಳ್ತಿದೀಯ?”

ಏನು ಬರೆದಿದೆ ಎಂದು ಕೇಳಿದ್ದಕ್ಕೆ ಹಳೆಯ ಸ್ಲೈಡುಗಳ ವಿವರ ಎಂದೆ. ಅಷ್ಟಕ್ಕೇ ಅವಳು ಹೋದಳು. ಫ್ಯಾನಿನ ಗಾಳಿಗೆ ಚೀಟಿಗಳು ಒಂದೊಂದಾಗಿ ನೆಲದ ಮೇಲೆ ಹಾರುತ್ತಿದ್ದವು. ಎದ್ದು ಫ್ಯಾನ್ ಆರಿಸಿದೆ. ಪೆನ್ನು ತಂದು, ತಾತನ ಹನ್ನೊಂದು ತಿದ್ದುಪಡಿಗಳನ್ನೂ ಹೊಡೆದುಹಾಕಿ, ನೀವು ಮೊದಲು ಬರೆದದ್ದೇ ಸರಿ ಎಂದು ಬರೆಯಲು ಕೂತೆ. ಒಂದಕ್ಕೆ ಬರೆದೆ. ಓದುವವರು ಯಾರೂ ಇಲ್ಲವೆಂದು ಹೊಳೆದು, ಅಲ್ಲಿಗೇ ನಿಲ್ಲಿಸಿದೆ.