ಬಾಣಂತಿ ಮರಲ್

ಮರಲ್ ಮೀನು ಹಿಡಿಯೋದರಾಗ ಸುರಪುರ ಸೀಮ್ಯಾಗ ನನ್ನ ಸರಿಸಮ ಯಾರೂ ಇರಲಿಲ್ಲ. ಬೇಕಾದರ ನನ್ನನ್ನೇ ಕೇಳ್ರಿ. ನಿಜಾಮನ ಆಳಿಕಿ ಮುಗಿದ ಹೊಸದರಾಗ ಕೆರಿ ಅಳತಿ ಮಾಡೋ ಕೆಲಸಕ್ಕ ಹೋಗಿದ್ದೆ. ದಂಡ್ಯಾಗ ಒಬ್ಬ ಮುದುಕಿ ಗಾಳ ಹಾಕಿ ಕೂತಿದ್ದಳು. ಸೊಸಿ ಗಂಡು ಹಡೆದು ಐದು ದಿನ ಆಗ್ಯಾದ, ಎದಿಹಾಲು ಸಾಲವಲ್ದು, ಮರಲ್ ಸಾರು ಕುಡಿಸಬೇಕು ಅಂದಳು.

"ತಾ ಇಲ್ಲಿ ಆಯಿ!" ಅಂತ ಗಾಳ ಕಸಕೊಂಡು, ಕೊಕ್ಕಿಗೆ ಸಣ್ಣ ಕಪ್ಪಿಮರಿ ಸಿಗಿಸಿ ಒಗೆದೆ. ಮೊಸಳಿಯಂಥಾ ಮರಲ್ ಬಿತ್ತು! ದಂಡಿಗೆ ಎಳೆಯೋದರಾಗ, ಅದರ ಹಿಂದೆ ಕೆಂಪನ್ನ ಮರಿಗಳ ಹಿಂಡು ನೀರಿನ ಮ್ಯಾಲೆದ್ದು ಚಡಪಡಿಸಾಕತ್ತಿತು.

ಮುದುಕಿ ನನ್ನ ಕೈ ಹಿಡಿದಳು. "ಬಿಡು ತಮ್ಮಾ. ಇದೂ ಬಾಣಂತಿ ಅದ."

"ನಿನ್ನ ಮೊಮ್ಮಗನ ಹಾಲು?"

"ಇನ್ನೊಂದು ಹಿಡಿ. ಅಷ್ಟು ದೊಡ್ಡ ಶಿಕಾರಿ ಇದ್ದೀಯಲ್ಲ!"

ಬಿಟ್ಟೆ. ಬಿಸಿಲಾಗ ಕೂತೂ ಕೂತೂ, ಆಚೆ ದಂಡ್ಯಾಗ ಗೇಣುದ್ದದ ಒಂಟಿ ಮರಲ್ ಹಿಡಿದುಕೊಟ್ಟೆ. ಎರಡು ದಿನ ಬಿಟ್ಟು ಆಯಿ ರೊಟ್ಟಿ ತಂದು, "ಕೂಸು ಹೊಟ್ಟಿತುಂಬ ಕುಡಿದು ಮಲಗ್ಯಾದ" ಅಂದಳು.

ಮರಿ ಕಾಯೋದು ಹೆಚ್ಚಾಗಿ ಗಂಡು ಮರಲ್ ಅಂತ ಎಷ್ಟೋ ವರ್ಷದ ಮ್ಯಾಲೆ ಗೊತ್ತಾತು. ಅದನ್ನ ಹೆಂಡತಿಗೆ ಹೇಳಿದ್ದೇ ನನ್ನ ತಪ್ಪು. ಅವತ್ತಿನಿಂದ ನಮ್ಮ ಕೂಸು ಅತ್ತಾಗೆಲ್ಲ, "ಏಳ್ರಿ ಮರಲ್!" ಅಂತ ನನ್ನನ್ನೇ ಎಬ್ಬಿಸ್ತಿದ್ದಳು.