ಎಚ್ ಹತ್ತಕ್ಕೆ ಒಪ್ಪದ ಹೊಳೆವ್ವ

ಹುನ್ನೂರಿನ ಹೊಳೆವ್ವ ಹೆಸರು ಕರೆದು ಮುಗಿಸುವ ತನಕ ಸೂರ್ಯ ಮೇಲೇರುವುದಿಲ್ಲ ಎಂದು ಜಮಖಂಡಿ ತಾಲ್ಲೂಕಿನ ಅರ್ಧ ಜನ ನಂಬಿದ್ದಾರೆ. ಉಳಿದರ್ಧ ಜನ ಬೆಳಿಗ್ಗೆ ಬೇಗ ಏಳುವುದಿಲ್ಲವಾದ್ದರಿಂದ ಅವರ ಸಾಕ್ಷಿ ಲೆಕ್ಕಕ್ಕಿಲ್ಲ. ಹಟ್ಟಿಯಿಂದ ಕುರಿ ಬಿಡುವಾಗ ಒಂದೊಂದನ್ನೂ ಹೆಸರು ಹಿಡಿದು ಕರೆದೇ ಹೊರಗೆ ಕಳಿಸುವುದು ಅವಳ ಚಟ. ಕೆಂದಿ, ಚುಕ್ಕಿ, ಬೋಳಿ, ಮೋಟಗಿವಿ. ಅವಳಿ ಮರಿಗಳಿಗೂ ಬೇರೆ ಬೇರೆ ಹೆಸರು, ಬೇರೆ ಬೇರೆ ಬೈಗುಳ. ತಿಮ್ಮಾಪುರದ ಕಡೆಯವನೊಬ್ಬ ತನ್ನ ಮುಧೋಳ ತಳಿಯ ಬೇಟೆನಾಯಿಯನ್ನು ಮೆರೆಸಲು ತಂದಾಗ, "ಇದರ ಅವ್ವನ ಹೆಸರೇನಪಾ?" ಎಂದಳಂತೆ. ಅವನಿಗೆ ಗೊತ್ತಿರಲಿಲ್ಲ. ನಾಯಿಯೇ ನಾಚಿಕೊಂಡು ಬಾಲ ಮಡಚಿ ಮುಧೋಳದ ದಾರಿ ಹಿಡಿಯಿತು ಎಂಬುದು ಊರಿನವರು ಆಮೇಲೆ ಸೇರಿಸಿದ್ದು. ಯಾರೂ ಅದನ್ನು ತೆಗೆಯಲು ಹೋಗಿಲ್ಲ.

ಈ ಶ್ರಾವಣದಲ್ಲಿ ಹೊಳೆವ್ವನ ಬಲಗಣ್ಣು ಕೆಂಪಾಯಿತು. ಎಡಗಣ್ಣು ಹಿಂದೆಯೇ ಟಗರಿನ ಕೊಂಬಿಗೆ ಹೋಗಿತ್ತು. ಉಳಿದದ್ದು ಇದೊಂದೇ.

ಅವಳು ಬನಹಟ್ಟಿಯ ಕಣ್ಣಿನ ದವಾಖಾನೆಗೆ ಬಂದ ದಿನ ರಬಕವಿ-ಬನಹಟ್ಟಿ ಅವಳಿ ಊರಿಗೆ ಊರೇ ಕಣ್ಣುಬೇನೆ ಹಿಡಿದು ಸಾಲಿನಲ್ಲಿ ನಿಂತಿತ್ತು. ಮಗ್ಗದವರು, ನೂಲಿನ ವ್ಯಾಪಾರಿಗಳು, ಆಟೋದವರು, ಎಲ್ಲರೂ ಕಪ್ಪು ಕನ್ನಡಕ ಏರಿಸಿ ಸಿನಿಮಾದ ಖಳನಾಯಕರ ಸಮ್ಮೇಳನಕ್ಕೆ ಬಂದಂತಿದ್ದರು. ಡಾಕ್ಟರ್ ಪ್ರೀತಿ ಒಬ್ಬೊಬ್ಬರ ಕಣ್ಣಿಗೆ ಟಾರ್ಚು ತೋರಿಸಿ, "ಕೆಂಪು ಕಣ್ಣು" ಎಂದು ಬರೆದು ಮುಂದಕ್ಕೆ ಕಳಿಸುತ್ತಿದ್ದರು.

ಮುಂದಿನ ಮೇಜಿನಲ್ಲಿ ಇದ್ದವಳು ಅಕ್ಷತಾ. ಜಗತ್ತಿನ ಪ್ರತಿ ರೋಗಕ್ಕೂ ಒಂದು ನಂಬರಿದೆ, ಆ ನಂಬರನ್ನು ಕಂಪ್ಯೂಟರಿಗೆ ಉಣ್ಣಿಸುವುದು ಅವಳ ಕೆಲಸ. ನಂಬರು ಬಿದ್ದರೆ ಮಾತ್ರ ಮುಂದಿನ ರೋಗಿಯ ಹೆಸರು ಬರುತ್ತಿತ್ತು. "ಇವತ್ತ ಕೆಂಪ ಕಣ್ಣಿಗೆಲ್ಲಾ ಎಚ್ ಹತ್ತು ಹೊಡಿ" ಎಂದು ಮ್ಯಾನೇಜರ್ ಅರುಣ ಬೆಳಿಗ್ಗೆಯೇ ಅಪ್ಪಣೆ ಕೊಟ್ಟಿದ್ದ. ಎಚ್ ಹತ್ತು ಎಂದರೆ ಮಾಮೂಲಿ ಕಣ್ಣುಬೇನೆ. ಅದು ಬಿದ್ದವರಿಗೆ ಹನಿ ಔಷಧ ಕೊಡುವ ಕಿಟಕಿ, ಅಲ್ಲಿಂದ ಸೀದಾ ಮನೆ.

"ನನ್ನ ಬ್ಯಾನಿಗೆ ಏನಂತ ಹೆಸರ ಬರದಿ, ತಂಗಿ?" ಎಂದಳು ಟಾರ್ಚು ತೋರಿಸಿಕೊಂಡು ಬಂದ ಹೊಳೆವ್ವ.

"ಎಚ್ ಹತ್ತು ಬರೀತೇನಿ ಆಯಿ. ಎಲ್ಲಾರಿಗೂ ಅದ."

"ಎಲ್ಲಾರಿಗೂ ಅದ ಅಂದ್ರ? ಮಂದಿ ಕಣ್ಣಾಗ ಗೀಜ ಸೋರಾಕತ್ತೈತಿ. ನನ್ನ ಕಣ್ಣ ಒಣಾ ಐತಿ, ಒಳಗ ಕಡೀತೈತಿ. ಹೊಡೀಬ್ಯಾಡ. ಮತ್ತ್ಯಾವ ಅದಾವ, ಓದು."

ಕುರಿಸಂತೆಗೆ ಬಂದವಳಂತೆ ಹೊಳೆವ್ವ ಸೊಂಟದ ಮೇಲೆ ಕೈಯಿಟ್ಟಳು. ಅಕ್ಷತಾಳಿಗೆ ನಗು ಬಂತು, ಓದಿದಳು.

"ಎಚ್ ಸೊನ್ನೆ ಒಂದು. ರೆಪ್ಪಿ ಉರಿಯೂತ."

"ರೆಪ್ಪಿ ಗಟ್ಟಿ ಐತಿ. ಮುಂದ."

"ಎಚ್ ಹದಿನೈದು. ಬಿಳಿಗುಡ್ಡಿದು."

"ಇದ್ದರೂ ಇರಬಹುದು. ಬಾಜೂಕ ನಿಲ್ಲಸು."

"ಎಚ್ ಇಪ್ಪತ್ತು. ಕಣ್ಣಪಾಪಿ ಸುತ್ತ ಒಳಗಿನ ಪರದಿ ಇರತೈತಲ್ರಿ, ಅದರ ಉರಿಯೂತ."

ಹೊಳೆವ್ವ ಸೊಂಟದ ಮೇಲಿನ ಕೈ ತೆಗೆದಳು. "ಒಳಗಿಂದು?"

"ಹೌದ್ರಿ, ಒಳಗಿಂದು. ಆದ್ರ ಅದನ್ನ ನಾ ಬರ್ಯಾಕ ಬರಂಗಿಲ್ಲ. ಡಾಕ್ಟರ್ ಯಂತ್ರದಾಗ ನೋಡಿ ಹೇಳಬೇಕು."

"ಹೇಳ್ಲಿ. ನಾ ಎಲ್ಲಿ ಓಡಿ ಹೊಂಟೇನಿ?" ಎಂದು ಕುರ್ಚಿ ಎಳೆದುಕೊಂಡು ಕುಳಿತೇಬಿಟ್ಟಳು.

ನಂಬರಿನ ಜಾಗ ಖಾಲಿ ಉಳಿಯಿತು, ಕಂಪ್ಯೂಟರು ನಿಂತಿತು, ಸಾಲೂ ನಿಂತಿತು. ಹಿಂದಿನಿಂದ ಒಂದು ಕಪ್ಪು ಕನ್ನಡಕ, "ಏನ್ ಹೆಸರ ಇಡೋ ಕಾರ್ಯಕ್ರಮ ಐತೇನಬೇ ಆಯಿ? ತೊಟ್ಟಲಾ ತರ್ಸೂನೇನ?" ಎಂದಿತು. ಅರುಣ ಓಡಿ ಬಂದ.

"ಏಳಬೇ ಆಯಿ. ಒಂದ ಕಣ್ಣಿನ ಸಲುವಾಗಿ ಇಷ್ಟ ಮಂದೀನ ನಿಲ್ಲಸ್ತೀಯೇನು?"

"ನನಗಿರೂದ ಒಂದು. ಎರಡ ಇದ್ದಾವ್ರು ನಿಲ್ಲಲಿ ಬಿಡು."

"ಎಲ್ಲಾರ ಕಣ್ಣೂ ಕೆಂಪ ಆಗ್ಯಾವ. ಎಲ್ಲಾ ಒಂದ!"

"ಹಂಗಂದ್ರ ನಮ್ಮ ಹಿಂಡಿನ್ಯಾಗ ಕರಿ ಕುರಿಗೆಲ್ಲಾ ಒಂದ ಹೆಸರ ಇಡ್ತೇನಪಾ. ಸಂಜೀಕ ಮರಿ ಬಿಡಾಕ ನೀ ಬಾ. ಯಾವ ಮರಿ ಯಾರ ಹಾಲ ಕುಡೀಬೇಕಂತ ನೀನ ಹೇಳು."

ಕಪ್ಪು ಕನ್ನಡಕಗಳ ಸಮ್ಮೇಳನ ಹೋ ಎಂದು ನಕ್ಕಿತು. ಅರುಣ ಅಕ್ಷತಾಳ ಕಡೆ ತಿರುಗಿ, "ಎಚ್ ಹತ್ತು ಹೊಡಿ" ಎಂದ. ಅವಳ ಬೆರಳು ಕೀಲಿಯ ಮೇಲೆಯೇ ಇತ್ತು. ಒತ್ತಿದರೆ ಮುದುಕಿ ಹೋಗುತ್ತಾಳೆ, ಸಾಲು ಸರಿಯುತ್ತದೆ, ಕೆಲಸವೂ ಉಳಿಯುತ್ತದೆ. ಅಕ್ಷತಾ ಬೆರಳು ತೆಗೆದಳು. "ನೀವ ಹೊಡೀರಿ ಸರ್. ನಾ ಡಾಕ್ಟರ್ನ ಕರ್ಕೊಂಡ ಬರ್ತೇನಿ" ಎಂದು ಎದ್ದೇ ಹೋದಳು. ಅರುಣ ಕೀಲಿಮಣೆಯನ್ನು ನೋಡಿದ, ಹೊಳೆವ್ವ ಅರುಣನನ್ನು ನೋಡಿದಳು. ಅವನು ಹೊಡೆಯಲಿಲ್ಲ.

ಪ್ರೀತಿ ಬಂದು ಹೊಳೆವ್ವನನ್ನು ಯಂತ್ರದ ಮುಂದೆ ಕೂರಿಸಿ ಬಹಳ ಹೊತ್ತು ನೋಡಿದರು. "ಒಳಗ ಉರಿಯೂತ ಆಗೇತ್ರಿ. ಪಾಪಿ ಹಿಂದ ಅಂಟಾಕ ಹತ್ತೇತಿ. ಟಾರ್ಚಿನ್ಯಾಗ ನನಗ ಕಾಣಲಿಲ್ಲ. ಹಂಗ ಹೋಗಿದ್ರ..." ಎಂದವರು ಮಾತು ಅರ್ಧಕ್ಕೇ ಬಿಟ್ಟು, ಪಾಪೆ ಅರಳಿಸುವ ಹನಿಯನ್ನು ತಾವೇ ಹಾಕಿದರು. ಅಕ್ಷತಾ ಎಚ್ ಇಪ್ಪತ್ತು ಹೊಡೆದಳು. ಸಾಲು ಸರಿಯಿತು. ಒಬ್ಬಿಬ್ಬರು ಮಾತ್ರ ತಮ್ಮ ಗೀಜು ಮುಟ್ಟಿ ನೋಡಿಕೊಂಡು, ತಮ್ಮದು ಎಚ್ ಹತ್ತೇ ಎಂದು ಖಾತ್ರಿ ಮಾಡಿಕೊಂಡರು.

ಸಂಜೆಯ ಹೊತ್ತಿಗೆ ಕಥೆ ರಬಕವಿ ದಾಟಿತ್ತು. ಅದರಲ್ಲಿ ಹೊಳೆವ್ವ ಮ್ಯಾನೇಜರನ ಕೊರಳಪಟ್ಟಿ ಹಿಡಿದಿದ್ದಳು. ಇನ್ನೂ ದವಾಖಾನೆಯಲ್ಲೇ ಕುಳಿತಿದ್ದ ಹೊಳೆವ್ವನಿಗೆ ಅಕ್ಷತಾ ಚಹಾ ತಂದು ಕೊಟ್ಟು, ಇಷ್ಟು ಮಂದಿಯ ಎದುರು ಜಗ್ಗದೆ ಕೂರುವ ಧೈರ್ಯ ಎಲ್ಲಿಂದ ಬಂತೆಂದು ಕೇಳಿದಳು.

"ಧೈರ್ಯ ಯಾತರದು ತಂಗಿ?" ಎಂದಳು ಹೊಳೆವ್ವ. "ಹೊರಗ ಬಿಸಲಿತ್ತು. ಬೆಳಕಿಗೆ ಕಣ್ಣ ತೆರ್ಯಾಕ ಆಗವಲ್ದಾಗಿತ್ತು. ಎಲ್ಲಿಗಂತ ಎದ್ದ ಹೋಗ್ಲಿ? ಕುಂತೆ."